ಸಣ್ಣ ಯಂತ್ರದಲ್ಲಿ ದೊಡ್ಡ ಆಟ: ಹೆತ್ತವರೂ ಮಕ್ಕಳೂ ತಿಳಿದಿರಬೇಕಾದ ಸಂಗತಿಗಳು

ಟಿ.ವಿ.ಗೆ ಜೋಡಿಸಿ ಆಡುವ ಗೇಮ್ ಯಂತ್ರಕ್ಕೆ ಕನ್ಸೋಲ್ ಎಂದು ಹೆಸರು. ಅದಕ್ಕೆಂದೇ ರಚಿತವಾದ ದೊಡ್ಡ ಆಟವನ್ನು, ಅಷ್ಟು ಶಕ್ತಿಯಿಲ್ಲದ ಕೈಯಂತ್ರದಲ್ಲಿ ನಡೆಯುವಂತೆ ಮಾರ್ಪಡಿಸುವುದನ್ನು ‘ಪೋರ್ಟ್’ ಎನ್ನುತ್ತಾರೆ. ಕಂಪನಿಗಳು ಮಾಡದೆ ಬಿಟ್ಟ ಇಂಥ ಕೆಲಸವನ್ನು ಅನೇಕ ಸಲ ಅಭಿಮಾನಿಗಳೇ ಕೈಗೆತ್ತಿಕೊಳ್ಳುತ್ತಾರೆ. ಕೊಯಮತ್ತೂರು, ತಿರುಪ್ಪೂರು ಜಿಲ್ಲೆಗಳ ನಮ್ಮ ಮನೆಗಳಲ್ಲಿಯೂ ಮಕ್ಕಳು ಇಂಥ ಆಟಗಳ ಮಾತಾಡುವುದರಿಂದ, ಇದರ ಒಳಗುಟ್ಟನ್ನೂ ಎಲ್ಲೆಯನ್ನೂ ಹೆತ್ತವರು ಅರಿತಿರುವುದು ಒಳಿತು.

ಒಂದು ಉದಾಹರಣೆ

1996ರ ‘ಟೂಂಬ್ ರೈಡರ್’ ಆಟವು ಸೋನಿ ಪ್ಲೇಸ್ಟೇಷನ್‌ನಲ್ಲಿ ಪ್ರಸಿದ್ಧವಾಯಿತು. ಆ ಕನ್ಸೋಲಿನ ಮುಖ್ಯ ಮೆಮೊರಿ 2 ಎಂಬಿ, ವೇಗ ಸುಮಾರು 33 ಮೆಗಾಹರ್ಟ್ಸ್. 2001ರಲ್ಲಿ ಬಂದ ನಿಂಟೆಂಡೊ ಗೇಮ್ ಬಾಯ್ ಅಡ್ವಾನ್ಸ್ ಎಂಬ ಕೈಯಂತ್ರದ ಕೆಲಸದ ಮೆಮೊರಿ 288 ಕೆಬಿ, ವೇಗ 16.78 ಮೆಗಾಹರ್ಟ್ಸ್. ಅಂದರೆ ಮೆಮೊರಿ ಏಳನೆಯ ಒಂದು ಪಾಲು, ವೇಗ ಅರ್ಧ. ಮೂರು ಆಯಾಮದ ಚಿತ್ರಕ್ಕೆ ಪ್ರತ್ಯೇಕ ಚಿಪ್ ಸಹ ಇಲ್ಲ. ಆದರೂ ‘ಎಕ್ಸ್‌ಪ್ರೋಗರ್’ ಎಂದು ಪರಿಚಿತರಾದ ತಿಮೂರ್ ಗಾಗಿಯೆವ್ ತಮ್ಮ ‘ಓಪನ್‌ಲಾರಾ’ ಯೋಜನೆಯ ಮೂಲಕ ಆ ಆಟವನ್ನು ಇದರಲ್ಲಿ ನಡೆಸಿ ತೋರಿಸಿದರು.

ಹೇಗೆ ಸಾಧ್ಯ?

ತಿರುಪ್ಪೂರಿನ ಬನಿಯನ್ ಕಂಪನಿಯಲ್ಲಿ ಕಟಿಂಗ್ ಮಾಸ್ಟರ್ ಬಟ್ಟೆ ಪೋಲಾಗದಂತೆ ಅಳತೆಗಳನ್ನು ಹೊಂದಿಸುವಂತೆ, ಇಲ್ಲಿ ಮೆಮೊರಿ ಮತ್ತು ಸಮಯವನ್ನು ಹೊಂದಿಸಬೇಕು.

ಮೊದಲನೆಯದು, ದಶಮಾಂಶಗಳನ್ನು ಪೂರ್ಣಾಂಕಗಳಾಗಿಸುವುದು. ಎಲ್ಲ ಸಂಖ್ಯೆಗಳನ್ನೂ 256ರಿಂದ ಗುಣಿಸಿಟ್ಟರೆ 1.5 ಎಂಬುದು 384 ಆಗುತ್ತದೆ. ಸಣ್ಣ ಪ್ರೊಸೆಸರ್‌ಗೆ ಇದು ಸುಲಭ. ಎರಡನೆಯದು, ಕೋಷ್ಟಕ. ಈ ಪ್ರೊಸೆಸರ್‌ಗೆ ಭಾಗಾಕಾರದ ನೇರ ಆದೇಶವಿಲ್ಲ. ಉತ್ತರಗಳನ್ನು ಮೊದಲೇ ಬರೆದಿಟ್ಟರೆ, ಮಗ್ಗಿ ಬಾಯಿಪಾಠವಿರುವ ಮಗುವಿನಂತೆ ಅದು ಒಡನೆಯೇ ಉತ್ತರಿಸುತ್ತದೆ. ಮೂರನೆಯದು, ಕಾಣುವುದನ್ನಷ್ಟೇ ಬರೆಯುವುದು. ಟೂಂಬ್ ರೈಡರ್‌ನ ಲೋಕವು ಕೋಣೆಗಳಾಗಿ ವಿಂಗಡಿತವಾಗಿದೆ. ಬಾಗಿಲಿನಾಚೆ ಕಾಣದ ಕೋಣೆಯನ್ನು ಚಿತ್ರಿಸುವ ಅಗತ್ಯವಿಲ್ಲ.

ಕಾನೂನಿನ ಎಲ್ಲೆ

‘ಗ್ರ್ಯಾಂಡ್ ಥೆಫ್ಟ್ ಆಟೋ 3’ರ ಪ್ರೋಗ್ರಾಮನ್ನು ಬಿಡಿಸಿ ಮರುರಚಿಸಿದ ‘ಆರ್‌ಇ3’ ಯೋಜನೆಯು ಆ ಆಟವನ್ನು ವೀಟಾ ಎಂಬ ಕೈಯಂತ್ರಕ್ಕೂ ತಂದಿತ್ತು. 2021ರ ಫೆಬ್ರುವರಿಯಲ್ಲಿ ಹಕ್ಕುದಾರರಾದ ಟೇಕ್-ಟೂ ಕಂಪನಿಯು ಅದನ್ನು ಗಿಟ್‌ಹಬ್‌ನಿಂದ ತೆಗೆಸಿತು. ಸೆಪ್ಟೆಂಬರ್‌ನಲ್ಲಿ ಮೊಕದ್ದಮೆಯನ್ನೂ ಹೂಡಿತು. ನಮ್ಮ ದೇಶದ 1957ರ ಕೃತಿಸ್ವಾಮ್ಯ ಕಾಯ್ದೆಯ 52ನೆಯ ಕಲಮು, ಸಕ್ರಮವಾಗಿ ಪಡೆದ ತಂತ್ರಾಂಶದ ಕಾರ್ಯವಿಧಾನವನ್ನು ಗಮನಿಸಿ, ಅಧ್ಯಯನ ಮಾಡಿ, ಅದರ ತತ್ತ್ವವನ್ನು ಅರಿಯಲು ಅವಕಾಶ ನೀಡುತ್ತದೆ. ಕಲಿಯುವುದಕ್ಕೆ ಅಡ್ಡಿಯಿಲ್ಲ, ಅನ್ಯರ ಆಟವನ್ನು ನಕಲು ಮಾಡಿ ಹಂಚಲು ಮಾತ್ರ ಅನುಮತಿಯಿಲ್ಲ. ‘ಸಾವಿರಾರು ಆಟಗಳು ಒಳಗಿವೆ’ ಎಂದು ಮಾರುವ ಅಗ್ಗದ ಯಂತ್ರವನ್ನು ಕೊಳ್ಳುವ ಮುನ್ನ ಈ ವ್ಯತ್ಯಾಸವನ್ನು ನೆನೆಯಿರಿ. ಆಟವು ಯಾವ ವಯಸ್ಸಿನವರಿಗೆ ಎಂಬುದನ್ನೂ ನೋಡಿರಿ. ಮೇಲೆ ಹೇಳಿದ ಗ್ರ್ಯಾಂಡ್ ಥೆಫ್ಟ್ ಆಟೋ ಮಕ್ಕಳದಲ್ಲ.

ನಮಗೇನು?

2024ರ ಫೆಬ್ರುವರಿಯಲ್ಲಿ ಟೂಂಬ್ ರೈಡರ್‌ನ ಮೊದಲ ಮೂರು ಆಟಗಳು ಅಧಿಕೃತವಾಗಿ ಹೊಸ ರೂಪದಲ್ಲಿ ಬಂದಾಗ, ಗಾಗಿಯೆವ್ ಅದರ ತಾಂತ್ರಿಕ ಕೆಲಸದಲ್ಲಿದ್ದರು. ಹವ್ಯಾಸವೇ ವೃತ್ತಿಗೆ ದಾರಿಯಾಯಿತು. ಮೇಲಿನ ಮೂರು ಉಪಾಯಗಳಲ್ಲಿ ಮೊದಲೆರಡು ನಮ್ಮ ಮಕ್ಕಳು ಕಲಿಯುವ ದಶಮಾಂಶ ಮತ್ತು ಮಗ್ಗಿ. ‘ಈ ಆಟ ಇಷ್ಟು ಚಿಕ್ಕ ಯಂತ್ರದಲ್ಲಿ ಹೇಗೆ ನಡೆಯುತ್ತದೆ?’ ಎಂದು ಮಗು ಕೇಳಿದರೆ ಗದರಿಸದೆ, ಗಣಿತ ಪುಸ್ತಕವನ್ನು ತೆರೆದು ಜೊತೆಗೆ ಕುಳಿತುಕೊಳ್ಳಿರಿ.