‘ಈಕ್ವಿಟಿ’ಯೂ ಲೈನ್ ಮನೆಯೂ

ಆಂಗ್ಲ ಭಾಷೆಯ ‘ಈಕ್ವಾಲಿಟಿ’, ‘ಈಕ್ವಿಟಿ’ ಎರಡಕ್ಕೂ ಮೂಲ ಒಂದೇ: ಮಟ್ಟಸ, ಸಮ ಎಂಬರ್ಥದ ಲ್ಯಾಟಿನ್ ಪದ ‘ಈಕ್ವಸ್’. ಆದರೆ ಬಳಕೆ ಬೇರೆ. ಮೊದಲನೆಯದು ಎಲ್ಲರಿಗೂ ಒಂದೇ ಅಳತೆ. ಎರಡನೆಯದು ಅವರವರ ಸ್ಥಿತಿಯನ್ನರಿತು ಸಲ್ಲಿಸುವ ನ್ಯಾಯ. ಹಿಂದೆ ಇಂಗ್ಲೆಂಡಿನಲ್ಲಿ ಕಾನೂನಿನ ಅಕ್ಷರದಿಂದ ಪರಿಹಾರ ದೊರೆಯದವರು ಚಾನ್ಸರಿ ನ್ಯಾಯಾಲಯದ ಮೊರೆಹೋಗುತ್ತಿದ್ದರು. ಅಲ್ಲಿ ಬೆಳೆದ ನ್ಯಾಯಪದ್ಧತಿಗೇ ಈ ಹೆಸರು.

ಈ ಭೇದವನ್ನರಿಯಲು ನಮ್ಮ ಬಾಳೂರು ಸೀಮೆಯೇ ಸಾಕು. 1974ರ ಮಾರ್ಚ್ 1ರಂದು ಜಾರಿಗೆ ಬಂದ ಭೂಸುಧಾರಣಾ ತಿದ್ದುಪಡಿಯಿಂದ ಗೇಣಿದಾರನು ತಾನು ಉಳುತ್ತಿದ್ದ ಗದ್ದೆಯ ಒಡೆತನಕ್ಕೆ ಅರ್ಹನಾದನು. ಅದೇ ಕಾಯಿದೆಯ 38ನೇ ಕಲಂ, ಪರರ ಜಮೀನಿನಲ್ಲಿ ವಾಸಿಸುವ ಕೃಷಿ ಕೂಲಿಕಾರನಿಗೆ ಅವನ ವಾಸದ ಮನೆಯ ಹಕ್ಕನ್ನು ಕೊಡುತ್ತದೆ. ಆದರೆ 104ನೇ ಕಲಂ ಕಾಫಿ ಮುಂತಾದ ತೋಟಗಳನ್ನು ಭೂಮಿತಿಯಿಂದಲೂ ಈ 38ನೇ ಕಲಮಿನಿಂದಲೂ ಹೊರಗಿಟ್ಟಿದೆ. ಗದ್ದೆಯಂಚಿನ ಗುಡಿಸಲಿಗೆ ದಕ್ಕುವ ಹಕ್ಕು ಎಸ್ಟೇಟಿನ ಲೈನ್ ಮನೆಗೆ ದಕ್ಕಲಿಲ್ಲ. 1951ರ ಪ್ಲಾಂಟೇಷನ್ ಕಾರ್ಮಿಕ ಕಾಯಿದೆ ವಸತಿಯ ಹೊಣೆಯನ್ನು ಮಾಲೀಕರ ಮೇಲೆ ಹೊರಿಸಿದ್ದು ದಿಟ. ಆದರೆ ಅದು ದುಡಿಮೆಗೆ ಅಂಟಿದ ವಸತಿ, ಒಡೆತನವಲ್ಲ.

ತೋಟವನ್ನು ತುಂಡರಿಸಿದರೆ ಬೆಳೆ ಕೆಡುತ್ತದೆಂಬ ವಾದವನ್ನು ಭೂಮಿತಿಯ ಮಟ್ಟಿಗೆ ಒಪ್ಪೋಣ. ತಲೆಮಾರುಗಳಿಂದ ಕಾಫಿ ಕೊಯ್ದವರ ಮನೆಯಡಿಯ ನೆಲಕ್ಕೂ ಅದು ಸಲ್ಲುವುದೇ? ಹೀಗೆ ಕೇಳುವುದೇ ‘ಈಕ್ವಿಟಿ’. ಕನ್ನಡದಲ್ಲಿ ಅದನ್ನು ‘ಸಮನ್ಯಾಯ’ ಎನ್ನೋಣ.