ಭೂಮಿತಿಯ ವ್ಯಾಜ್ಯಗಳು: ಸಂವಿಧಾನದಿಂದ ಪಹಣಿಯವರೆಗೆ

ರಾಗಿಯ ಖುಷ್ಕಿ ಹೊಲವೂ ತೆಂಗು, ಹಿಪ್ಪುನೇರಳೆಗಳ ತೋಟವೂ ಒಂದೇ ಮನೆತನದ ಪಹಣಿಯಲ್ಲಿ ಕೂಡಿ ಬರಬಹುದಾದ ಚನ್ನಪಟ್ಟಣ ತಾಲ್ಲೂಕಿನ ಅಕ್ಕೂರಿನಂತಹ ಸೀಮೆಯಲ್ಲಿ, ಒಬ್ಬನು ಎಷ್ಟು ಭೂಮಿಯನ್ನು ಹೊಂದಬಹುದೆಂಬ ಪ್ರಶ್ನೆಗೆ ಎಕರೆಯ ಲೆಕ್ಕವೊಂದೇ ಉತ್ತರವಾಗಲಾರದು. ಭೂಮಿತಿಯ ವ್ಯಾಜ್ಯಗಳ ಚರಿತ್ರೆಯನ್ನು ಪರ್ಯಾಲೋಚಿಸಿದಲ್ಲಿ, ಮಿತಿಯನ್ನು ವಿಧಿಸುವ ಅಧಿಕಾರ ರಾಜ್ಯಕ್ಕುಂಟೆ ಎಂಬಲ್ಲಿ ಮೊದಲಾದ ವಾದವು, ಆ ಅಧಿಕಾರ ಸ್ಥಿರಪಟ್ಟ ಬಳಿಕ, ಕುಟುಂಬವೆಂದರೆ ಯಾರು, ಜಮೀನು ಯಾವ ವರ್ಗದ್ದು, ವಿನಾಯಿತಿ ಯಾರಿಗೆ ಎಂಬ ವ್ಯಾಖ್ಯೆಗಳತ್ತ ಸರಿದುದು ಗೋಚರವಾಗುತ್ತದೆ.

ಮೊದಲ ಘಟ್ಟದಲ್ಲಿ ಕನ್ನಡನಾಡಿನ ಗಡಿಗೆ ವಿಶೇಷ ಸ್ಥಾನವುಂಟು. 1956ರಲ್ಲಿ ಕೇರಳಕ್ಕೆ ಸೇರಿದ ಕಾಸರಗೋಡು, ಹೊಸದುರ್ಗ ತಾಲ್ಲೂಕುಗಳ ರೈತವಾರಿ ಜಮೀನುಗಳ ಪರವಾಗಿ ಹೂಡಿದ ಕರಿಂಬಿಲ್ ಕುಂಞಿಕೋಮನ್ ಮೊಕದ್ದಮೆಯಲ್ಲಿ, ಅಂತಹ ಜಮೀನು, ಭೂಶಾಸನಗಳಿಗೆ ಸಂವಿಧಾನವಿತ್ತ ರಕ್ಷೆ ಅನ್ವಯಿಸುವ ‘ಎಸ್ಟೇಟು’ ಅಲ್ಲವೆಂದು 1961ರ ಡಿಸೆಂಬರಿನಲ್ಲಿ ಸರ್ವೋಚ್ಚ ನ್ಯಾಯಾಲಯವು ನಿರ್ಣಯಿಸಿತು. ಈ ಲೋಪವನ್ನು ಮುಚ್ಚಲು 1964ರ ಹದಿನೇಳನೆಯ ತಿದ್ದುಪಡಿಯು ರೈತವಾರಿಯನ್ನು ಆ ಪದದೊಳಗೆ ತಂದುದಲ್ಲದೆ, ಬಿ. ಡಿ. ಜತ್ತಿ ಸಮಿತಿಯ ಶಿಫಾರಸಿನ ಹಿನ್ನೆಲೆಯಲ್ಲಿ ರಚಿತವಾಗಿದ್ದ 1961ರ ಮೈಸೂರು ಭೂಸುಧಾರಣಾ ಕಾಯಿದೆಯನ್ನೂ, ಮೂಲಭೂತ ಹಕ್ಕುಗಳ ಆಕ್ಷೇಪದಿಂದ ಶಾಸನಗಳನ್ನು ಕಾಯುವ ಒಂಬತ್ತನೆಯ ಅನುಸೂಚಿಗೆ ಸೇರಿಸಿತು. ಆದಕಾರಣವೇ 1967ರ ಗೋಲಕನಾಥ ಪ್ರಕರಣದಲ್ಲಿ ಪಂಜಾಬಿನ ಶಾಸನದೊಡನೆ ಮೈಸೂರಿನ ಶಾಸನವೂ ವಿಚಾರಣೆಗೆ ಬಂದಿತು. ಮೂಲಭೂತ ಹಕ್ಕನ್ನು ಸಂಸತ್ತು ಮೊಟಕುಗೊಳಿಸಲಾರದೆಂಬ ತತ್ತ್ವವನ್ನು ನ್ಯಾಯಪೀಠವು ಮುಂದಿನ ಕಾಲಕ್ಕೆ ಮಾತ್ರ ಅನ್ವಯಿಸಿದುದರಿಂದ, ಅರ್ಜಿದಾರರ ತತ್ತ್ವ ಗೆದ್ದಿತು, ಭೂಮಿ ಸೋತಿತು. 1973ರ ಏಪ್ರಿಲ್ 24ರಂದು, ಕಾಸರಗೋಡಿನ ಎಡನೀರು ಮಠದ ಕೇಶವಾನಂದ ಭಾರತೀ ಸ್ವಾಮಿಗಳ ಅರ್ಜಿಯ ಮೇಲೆ ಹದಿಮೂರು ನ್ಯಾಯಾಧೀಶರ ಪೀಠವು ಆ ತೀರ್ಪನ್ನು ಬದಿಗಿರಿಸಿ, ಸಂವಿಧಾನದ ಮೂಲರಚನೆಯನ್ನು ಮಾತ್ರ ಅಭೇದ್ಯವೆಂದು ಸಾರಿತು.

ಅನಂತರದ ವ್ಯಾಜ್ಯಗಳ ಕ್ಷೇತ್ರ ಊರಿನ ಚಾವಡಿಗೆ ಸಮೀಪಿಸಿತು. ದೇವರಾಜ ಅರಸರ ಕಾಲದಲ್ಲಿ, 1961ರ ಆ ಭೂಸುಧಾರಣಾ ಕಾಯಿದೆಗೆ 1974ರ ಮಾರ್ಚ್ 1ರಿಂದ ಜಾರಿಗೆ ಬಂದ ತಿದ್ದುಪಡಿಯು ಐವರ ಕುಟುಂಬಕ್ಕೆ ಹತ್ತು ಯೂನಿಟ್ಟುಗಳ ಮಿತಿಯನ್ನು ಗೊತ್ತುಮಾಡಿತು. ಅತ್ಯುತ್ತಮ ನೀರಾವರಿ ಜಮೀನಾದರೆ ಅದು ಹತ್ತು ಎಕರೆ, ಕಡೆಯ ವರ್ಗದ ಖುಷ್ಕಿಯಾದರೆ ಐವತ್ತನಾಲ್ಕು. ಹೀಗಾಗಿ ಜಮೀನಿನ ವರ್ಗೀಕರಣವೇ ವಿವಾದದ ಮರ್ಮವಾಯಿತು. ಗೇಣಿದಾರರ ಅರ್ಜಿಗಳನ್ನು ಕೇಳಿದ ಭೂ ನ್ಯಾಯಮಂಡಳಿಗಳ ಮುಂದೆ ವಕೀಲರು ನಿಲ್ಲಕೂಡದೆಂಬ ನಿಷೇಧವನ್ನು, ಶಾಸನದ ಉಳಿದ ಭಾಗಗಳನ್ನು ಎತ್ತಿಹಿಡಿಯುತ್ತಲೇ, ಸರ್ವೋಚ್ಚ ನ್ಯಾಯಾಲಯವು 1987ರಲ್ಲಿ ತೊಡೆದುಹಾಕಿತು.

ವಿನಾಯಿತಿಯ ವಿವಾದಕ್ಕೆ ಕನಕಪುರ ರಸ್ತೆಯ ತಾತಗುಣಿ ಎಸ್ಟೇಟು ಪ್ರಸಿದ್ಧ ನಿದರ್ಶನ. ಕಲಾವಿದ ಸ್ವೆತೋಸ್ಲಾವ್ ರೋರಿಕ್ ಮತ್ತು ನಟಿ ದೇವಿಕಾರಾಣಿಯವರ ಈ ವಿಶಾಲ ಜಮೀನು, ಸುಗಂಧತೈಲ ನೀಡುವ ಲಿನಾಲೋ ಬೆಳೆಯ ಕಾರಣ ಮಿತಿಯಿಂದ ಹೊರಗಿದ್ದಿತು. 1994ರಲ್ಲಿ ಸರ್ಕಾರವು ಆ ವಿನಾಯಿತಿಯನ್ನು ಹಿಂತೆಗೆದುಕೊಂಡುದನ್ನೂ, ಎಸ್ಟೇಟನ್ನು ಸ್ವಾಧೀನಕ್ಕೆ ತಂದ 1996ರ ಶಾಸನವನ್ನೂ 2011ರ ಆಗಸ್ಟಿನಲ್ಲಿ ಸಂವಿಧಾನಪೀಠವು ಮಾನ್ಯಮಾಡಿತು.

ಅದೇ ಭೂಸುಧಾರಣಾ ಕಾಯಿದೆಯಲ್ಲಿ ಕೊಳ್ಳುವವನ ಆದಾಯಕ್ಕೆ ಮಿತಿ ವಿಧಿಸಿ, ಮುಂದೆ ಇಪ್ಪತ್ತೈದು ಲಕ್ಷ ರೂಪಾಯಿಗಳವರೆಗೆ ಸಡಿಲಗೊಂಡಿದ್ದ 79ಎ ಪ್ರಕರಣವನ್ನೂ, ಕೃಷಿಕರಲ್ಲದವರು ಜಮೀನು ಹೊಂದುವುದನ್ನು ತಡೆದಿದ್ದ 79ಬಿ ಪ್ರಕರಣವನ್ನೂ 2020ರಲ್ಲಿ ತೆಗೆದುಹಾಕಲಾಯಿತು. ಕೊಳ್ಳುವವನ ವೃತ್ತಿ ಆದಾಯಗಳ ಪರೀಕ್ಷೆ ಇಲ್ಲವಾದ ಮೇಲೆ, ಭೂಸಂಚಯವನ್ನು ತಡೆಯುವ ಹೊಣೆ ಬಹುಮಟ್ಟಿಗೆ ಭೂಮಿತಿಯನ್ನು ವಿಧಿಸುವ 63ನೆಯ ಪ್ರಕರಣದ ಮೇಲೆಯೇ ಬಿದ್ದಿದೆ. ಬೆಂಗಳೂರಿನ ನೆರೆಯ ಮಾಗಡಿ, ಕನಕಪುರ, ಚನ್ನಪಟ್ಟಣ ಸೀಮೆಗಳಲ್ಲಿ ಆ ಪ್ರಕರಣ ಜೀವಂತವಾಗಿ ಉಳಿಯಬೇಕಾದರೆ, ಒಡೆಯನ ಘೋಷಣೆಯನ್ನೂ ಜಮೀನಿನ ವರ್ಗವನ್ನೂ ಪಹಣಿಯೊಡನೆ ತಾಳೆನೋಡುವ ಕಂದಾಯ ಅಧಿಕಾರಿಯ ನಿಷ್ಠೆಯು ನ್ಯಾಯಪೀಠಗಳ ಮಹಾತೀರ್ಪುಗಳಷ್ಟೇ ಅವಶ್ಯಕ.