ಮಾರಣಾಂತಿಕ ರಸ್ತೆ ಅಪಘಾತ: ನಿರ್ಲಕ್ಷ್ಯ ಮತ್ತು ಪರಿಹಾರ

ರಸ್ತೆ ಅಪಘಾತದಲ್ಲಿ ಮೃತಪಟ್ಟವರ ಅವಲಂಬಿತರು ಭಾರತದಲ್ಲಿ ಪರಿಹಾರ ಕೇಳುವುದು ಮುಖ್ಯವಾಗಿ 1988ರ ಮೋಟಾರು ವಾಹನ ಕಾಯ್ದೆಯ 166ನೇ ಕಲಮಿನಡಿ. ವಿಚಾರಣೆ ನಡೆಸುವುದು ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿ. ಬೆಂಗಳೂರಿನಲ್ಲಿ ಈ ಹೊಣೆ ಹೊತ್ತಿರುವುದು ಲಘು ವ್ಯವಹಾರಗಳ ನ್ಯಾಯಾಲಯ. ವಕೀಲರ ಬಾಯಲ್ಲಿ ಇವು ‘ಎಂವಿಸಿ ಕೇಸು’ಗಳು. 1994ರಲ್ಲಿ ತೆಗೆದುಹಾಕಿದ್ದ ಕಾಲಮಿತಿ 2019ರ ತಿದ್ದುಪಡಿಯ ಮೂಲಕ ಮರಳಿ ಬಂದಿದ್ದು, 2022ರ ಏಪ್ರಿಲ್ 1ರಿಂದ ಅಪಘಾತವಾದ ಆರು ತಿಂಗಳೊಳಗೆ ಅರ್ಜಿ ಹಾಕಬೇಕು. ಈ ಗಡುವನ್ನು ಸುಪ್ರೀಂ ಕೋರ್ಟಿನಲ್ಲಿ ಪ್ರಶ್ನಿಸಲಾಗಿದೆ.

166ನೇ ಕಲಮಿನ ಅರ್ಜಿ ನಿಂತಿರುವುದೇ ನಿರ್ಲಕ್ಷ್ಯದ ಮೇಲೆ. ವಾಹನ ಗುದ್ದಿತು ಎಂದಷ್ಟೇ ತೋರಿಸಿದರೆ ಸಾಲದು, ಚಾಲಕನ ತಪ್ಪಿನಿಂದ ಗುದ್ದಿತು ಎಂದು ತೋರಿಸಬೇಕು. 1977ರ ಮೀನು ಮೆಹ್ತಾ ತೀರ್ಪು ಇದನ್ನು ಖಚಿತಪಡಿಸಿತು. ಆದರೆ ಕ್ರಿಮಿನಲ್ ಮೊಕದ್ದಮೆಯಷ್ಟು ಬಿಗಿಯಾದ ರುಜುವಾತು ಇಲ್ಲಿ ಬೇಕಿಲ್ಲ. ಹೀಗೇ ನಡೆದಿರುವ ಸಂಭವ ಹೆಚ್ಚು ಎಂದು ಮನವರಿಕೆಯಾದರೆ ಸಾಕು ಎಂದು 2009ರ ಬಿಮ್ಲಾ ದೇವಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಹಾಗಾಗಿ ಚಾಲಕ ಕ್ರಿಮಿನಲ್ ಕೇಸಿನಲ್ಲಿ ಖುಲಾಸೆಯಾದ ಮಾತ್ರಕ್ಕೆ ಪರಿಹಾರದ ಅರ್ಜಿ ಬಿದ್ದುಹೋಗುವುದಿಲ್ಲ.

ವಾಸ್ತವದಲ್ಲಿ ಈ ಪ್ರಶ್ನೆ ತೀರ್ಮಾನವಾಗುವುದು ಪೊಲೀಸ್ ಕಡತದ ಕೆಲವೇ ಹಾಳೆಗಳಲ್ಲಿ: ಎಫ್‌ಐಆರ್, ಸ್ಥಳ ಮಹಜರು, ಕೈಯಲ್ಲಿ ಬರೆದ ನಕ್ಷೆ, ಮೋಟಾರು ವಾಹನ ನಿರೀಕ್ಷಕರ ವರದಿ, ದೋಷಾರೋಪ ಪಟ್ಟಿ. ‘ಅತಿವೇಗ ಮತ್ತು ಅಜಾಗರೂಕತೆಯಿಂದ ಚಲಾಯಿಸಿ’ ಎಂಬ ಸಾಲು ಬಹುತೇಕ ಪ್ರತಿ ದೂರಿನಲ್ಲೂ ಇರುವುದರಿಂದ ಅದಕ್ಕೆ ಹೆಚ್ಚಿನ ತೂಕವಿಲ್ಲ. ತೂಕ ಇರುವುದು ನಕ್ಷೆಗೆ. ಬ್ರೇಕ್ ಗುರುತು ಎಲ್ಲಿ ಶುರುವಾಗಿದೆ, ಬೈಕು ಬಿದ್ದದ್ದು ರಸ್ತೆಯ ಎಡಕ್ಕೋ ನಡುಗೆರೆಯ ಆಚೆಗೋ, ಲಾರಿಯ ಜಖಂ ಮುಂಭಾಗದಲ್ಲೋ ಪಕ್ಕದಲ್ಲೋ ಎಂಬುದನ್ನು ಇಟ್ಟುಕೊಂಡೇ ವಿಮಾ ಕಂಪನಿಯ ವಕೀಲರು ಪಾಟೀಸವಾಲು ಮಾಡುತ್ತಾರೆ.

ಅವರ ಗುರಿ ಸಾಮಾನ್ಯವಾಗಿ ಮೃತನ ಪಾಲಿಗೂ ಒಂದಿಷ್ಟು ತಪ್ಪು ಹೊರಿಸುವುದು, ಅಂದರೆ ಕಾಂಟ್ರಿಬ್ಯೂಟರಿ ನೆಗ್ಲಿಜೆನ್ಸ್. ಶೇ. 25ರಷ್ಟು ತಪ್ಪು ಮೃತನದೆಂದಾದರೆ ಪರಿಹಾರವೂ ಶೇ. 25 ಇಳಿಯುತ್ತದೆ. ಆದರೆ ನಿಯಮ ಮುರಿದದ್ದಕ್ಕೂ ಅಪಘಾತಕ್ಕೂ ಸಂಬಂಧ ಇರಲೇಬೇಕು. ಬೈಕಿನಲ್ಲಿ ಮೂವರಿದ್ದರು ಎಂಬ ಕಾರಣಕ್ಕೆ ಹಿಂಬದಿ ಸವಾರನ ಕುಟುಂಬದ ಪರಿಹಾರದಲ್ಲಿ ಹೈಕೋರ್ಟ್ ಮಾಡಿದ್ದ ಶೇ. 10ರ ಕಡಿತವನ್ನು 2020ರ ಮೊಹಮ್ಮದ್ ಸಿದ್ದಿಕ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಎರಡು ವಾಹನಗಳ ತಪ್ಪಿನಿಂದ ಮೂರನೆಯವರು ಸತ್ತರೆ ಲೆಕ್ಕ ಬೇರೆ: ಆಗ ಇಡೀ ಮೊತ್ತವನ್ನು ಎರಡರಲ್ಲಿ ಯಾರಿಂದಲಾದರೂ ವಸೂಲು ಮಾಡಬಹುದು (ಖೆನ್ಯೇಯಿ ಪ್ರಕರಣ, 2015).

ತಪ್ಪು ಪೂರ್ತಿ ಮೃತನದೇ ಆಗಿದ್ದರೆ? 2014ರ ಜೂನ್‌ನಲ್ಲಿ ಅರಸೀಕೆರೆಯ ಕಡೆಗೆ ಹೊರಟಿದ್ದ ಕಾರೊಂದು ಪಲ್ಟಿಯಾಗಿ, ಅದನ್ನು ಓಡಿಸುತ್ತಿದ್ದವರೇ ತೀರಿಕೊಂಡರು. ಕುಟುಂಬ 80 ಲಕ್ಷ ರೂಪಾಯಿ ಕೇಳಿತು. ಅತಿವೇಗದ ಚಾಲನೆಯೇ ಸಾವಿಗೆ ಕಾರಣವಾದ್ದರಿಂದ ಪರಿಹಾರವಿಲ್ಲ ಎಂದು ಕರ್ನಾಟಕ ಹೈಕೋರ್ಟ್ ಹೇಳಿತು. 2025ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಅದರಲ್ಲಿ ಕೈಹಾಕಲಿಲ್ಲ. ತರ್ಕಕ್ಕೆ ಸರಿ, ಹೆಂಡತಿ ಮಕ್ಕಳ ಪಾಲಿಗೆ ಕಠೋರ.

ನಿರ್ಲಕ್ಷ್ಯ ತೀರ್ಮಾನವಾದ ಮೇಲೆ ಉಳಿಯುವುದು ಬಹುಮಟ್ಟಿಗೆ ಲೆಕ್ಕ. 2009ರ ಸರಳಾ ವರ್ಮಾ ಮತ್ತು 2017ರ ಪ್ರಣಯ್ ಸೇಠಿ ತೀರ್ಪುಗಳು ಇದಕ್ಕೆ ಸೂತ್ರ ಕೊಟ್ಟಿವೆ. ತಿಂಗಳಿಗೆ 15,000 ರೂಪಾಯಿ ದುಡಿಯುತ್ತಿದ್ದ 38 ವರ್ಷದ ಬಡಗಿಯೊಬ್ಬ ಸತ್ತ, ಮನೆಯಲ್ಲಿ ತಾಯಿ, ಹೆಂಡತಿ, ಇಬ್ಬರು ಮಕ್ಕಳಿದ್ದಾರೆ ಎಂದಿಟ್ಟುಕೊಳ್ಳೋಣ. ಸ್ವಂತ ದುಡಿಮೆಯವನು, ವಯಸ್ಸು 40ರೊಳಗೆ. ಆದ್ದರಿಂದ ಮುಂದೆ ಹೆಚ್ಚಬಹುದಾಗಿದ್ದ ಆದಾಯಕ್ಕೆಂದು ಶೇ. 40 ಸೇರಿಸಿದರೆ 21,000. ನಾಲ್ವರು ಅವಲಂಬಿತರಿರುವುದರಿಂದ ಅವನ ಸ್ವಂತ ಖರ್ಚಿಗೆಂದು ಕಾಲು ಭಾಗ ಕಳೆದರೆ 15,750, ವರ್ಷಕ್ಕೆ 1,89,000. ಆ ವಯಸ್ಸಿನ ಗುಣಕ 15, ಗುಣಿಸಿದರೆ 28,35,000. ಇದಕ್ಕೆ ಆಸ್ತಿ ನಷ್ಟ ಹಾಗೂ ಅಂತ್ಯಕ್ರಿಯೆಗೆ ತಲಾ 15,000, ಸಾಂಗತ್ಯ ನಷ್ಟಕ್ಕೆ 40,000 ಸೇರುತ್ತವೆ; ಇವು ಮೂರು ವರ್ಷಕ್ಕೊಮ್ಮೆ ಶೇ. 10 ಏರುತ್ತವೆ. ಸಾಂಗತ್ಯ ಹೆಂಡತಿಯದಷ್ಟೇ ಅಲ್ಲ, ಮಕ್ಕಳದೂ ತಂದೆತಾಯಿಯದೂ ಹೌದು ಎಂದು 2018ರಲ್ಲಿ ಮ್ಯಾಗ್ಮಾ ಪ್ರಕರಣ ಹೇಳಿತು.

ಇಡೀ ಸೂತ್ರದ ಸಡಿಲು ಗಂಟು ಮೊದಲ ಅಂಕಿಯೇ. ಬಡಗಿಗೆ ಸಂಬಳದ ಚೀಟಿ ಇರುವುದಿಲ್ಲ. ಆಗ ಕರ್ನಾಟಕದಲ್ಲಿ ನ್ಯಾಯಾಲಯಗಳು ಲೋಕ ಅದಾಲತ್‌ಗಳಿಗಾಗಿ ಸಿದ್ಧಪಡಿಸಿದ, ವರ್ಷವಾರು ಅಂದಾಜು ಆದಾಯದ ಪಟ್ಟಿಯನ್ನು ಆಧಾರವಾಗಿ ಬಳಸುವುದುಂಟು. ನಾಲ್ಕು ಸಾವಿರ ಹೆಚ್ಚುಕಡಿಮೆಯಾದರೆ ಮೇಲಿನ ಲೆಕ್ಕದಲ್ಲಿ ಏಳೂವರೆ ಲಕ್ಷ ಅತ್ತಿತ್ತ ಆಗುತ್ತದೆ. ಗೃಹಿಣಿಯ ದುಡಿಮೆಗೂ ಅಂದಾಜು ಆದಾಯ ಕಟ್ಟಬೇಕೆಂದು 2021ರ ಕೀರ್ತಿ ತೀರ್ಪು ಒತ್ತಿ ಹೇಳಿದೆ.

ತಪ್ಪು ಯಾರದೆಂದು ಸಾಬೀತು ಮಾಡುವ ಗೋಜಿಲ್ಲದೆ, 164ನೇ ಕಲಮಿನಡಿ ಸಾವಿಗೆ 5 ಲಕ್ಷ ರೂಪಾಯಿ ಪಡೆಯುವ ದಾರಿಯೂ ಇದೆ. ಗುದ್ದಿ ಪರಾರಿಯಾದ ವಾಹನ ಪತ್ತೆಯಾಗದಿದ್ದರೆ 161ನೇ ಕಲಮಿನಡಿ ಸಿಗುವುದು 2 ಲಕ್ಷ. ಚಾಲಕನಿಗೆ ಸರಿಯಾದ ಲೈಸೆನ್ಸ್ ಇರಲಿಲ್ಲ ಎಂಬ ತಕರಾರು ಬಂದಾಗ, ವಿಮಾ ಕಂಪನಿ ಮೊದಲು ಹಣ ಕಟ್ಟಿ ಆಮೇಲೆ ಮಾಲೀಕನಿಂದ ವಸೂಲು ಮಾಡಿಕೊಳ್ಳಲಿ ಎಂದು ಆದೇಶಿಸುವುದುಂಟು. 2004ರ ಸ್ವರಣ್ ಸಿಂಗ್ ತೀರ್ಪು ಇದಕ್ಕೆ ಆಧಾರ. ಅಪ್ರಾಪ್ತ ಮಕ್ಕಳ ಪಾಲನ್ನು ಅವರು ವಯಸ್ಕರಾಗುವವರೆಗೆ ಬ್ಯಾಂಕಿನಲ್ಲಿ ನಿಶ್ಚಿತ ಠೇವಣಿಯಾಗಿ ಇಡಲಾಗುತ್ತದೆ.